ಮೂರೇ ದಿನಕ್ಕೆ ಕೊಂದರೆ ಕಿವಿಹುರಿ ಬಾಳೋದೆಲ್ಲಿ?

ಪ್ರಶ್ನೆ: ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ಕಿವಿಹುರಿ ಅನ್ನೋ ಪರಾವಲಂಬಿ ಜೀವಿ ಇದೆ. ಮಲಗಿದವರ ಕಿವಿಯೊಳಗೆ ದಾರದ ಹಾಗೆ ನುಸುಳಿ ಮಿದುಳು ಸೇರುತ್ತದೆ, ತನಗೆ ಬೇಕಾದಂತೆ ಕುಣಿಸುತ್ತದೆ, ಮೂರನೇ ದಿನ ಕೊಲ್ಲುತ್ತದೆ. ಓದಿದ ಗೆಳೆಯರು ‘ಭಯವೇ ಆಗಲ್ಲ’ ಅಂತಾರೆ. ಎಲ್ಲಿ ಎಡವಿದ್ದೇನೆ?

ಉತ್ತರ: ಹೆಸರು ಚೆನ್ನಾಗಿದೆ, ಬದಲಿಸಬೇಡಿ. ಎಡವಿರೋದು ಆ ಮೂರನೇ ದಿನದಲ್ಲಿ. ಬಾಡಿಗೆಗೆ ಬಂದವನು ಮೂರೇ ದಿನಕ್ಕೆ ಮನೆಗೆ ಬೆಂಕಿ ಇಟ್ಟರೆ ಅವನೂ ಒಳಗೇ ಬೇಯುತ್ತಾನೆ ಅಲ್ವಾ? ಕಿವಿಹುರಿ ಒಳಗೆ ಹೋಗುವ ದಾರಿ ಬರೆದಿದ್ದೀರಿ. ಅದರ ಮರಿಗಳು ಮುಂದಿನವರ ಕಿವಿ ಸೇರುವ ದಾರಿ ಎಲ್ಲಿದೆ? ಮೊದಲು ಅದನ್ನು ಯೋಚಿಸಿ.

ನಿಮ್ಮ ಮನೆಯ ಹಿರಿಯರು ಉತ್ತರ ಕರ್ನಾಟಕದವರಾದರೆ ನಾರುಹುಣ್ಣು ಗೊತ್ತಾ ಅಂತ ಕೇಳಿ ನೋಡಿ. ಮೆಟ್ಟಿಲಿಳಿದು ನೀರು ತುಂಬುವ ಬಾವಿಗಳಿಂದ ಬರುತ್ತಿದ್ದ ಕಾಯಿಲೆ. ನೀರಿನಲ್ಲಿರುವ ಸೈಕ್ಲಾಪ್ಸ್ ಅನ್ನೋ ಪುಟ್ಟ ಜೀವಿಯೊಳಗೆ ಹುಳದ ಮರಿ ಕೂತಿರುತ್ತದೆ. ನೀರು ಕುಡಿದವರಿಗೆ ಸುಮಾರು ಒಂದು ವರ್ಷ ಏನೂ ಗೊತ್ತಾಗೋದೇ ಇಲ್ಲ. ಅಷ್ಟರಲ್ಲಿ ಹೆಣ್ಣು ಹುಳ ಹತ್ತಿರ ಹತ್ತಿರ 1 ಮೀಟರ್ ಉದ್ದ ಬೆಳೆದು ಕಾಲಿಗೆ ಇಳಿದಿರುತ್ತದೆ, ಆಮೇಲೆ ಅಲ್ಲೊಂದು ಬೊಬ್ಬೆ ಏಳುತ್ತದೆ, ಕೆಂಡ ಇಟ್ಟ ಹಾಗೆ ಉರಿ. ಉರಿ ತಡೆಯಲಾರದೆ ಮನುಷ್ಯ ಕಾಲನ್ನು ನೀರಿಗೆ ಇಡುತ್ತಾನೆ. ಹುಳಕ್ಕೆ ಬೇಕಾಗಿದ್ದೂ ಅದೇ! ಲಕ್ಷಗಟ್ಟಲೆ ಮರಿಗಳನ್ನು ಬಾವಿಗೆ ಬಿಡುತ್ತದೆ. ಹುಳವನ್ನು ಕಡ್ಡಿಗೆ ಸುತ್ತಿ ದಿನಕ್ಕಿಷ್ಟು ಅಂತ ವಾರಗಟ್ಟಲೆ ಎಳೆಯಬೇಕು. ನಡುವೆ ತುಂಡಾದರೆ ಹುಣ್ಣು ಇನ್ನೂ ಕೆಡುತ್ತದೆ. ಬಟ್ಟೆಯಲ್ಲಿ ಸೋಸಿ ಕುಡಿದರೆ ಅದರ ಆಟ ಮುಗೀತು. ಭಾರತದಲ್ಲಿ ಕೊನೆಯ ರೋಗಿ ಕಂಡಿದ್ದು 1996ರಲ್ಲಿ.

ಇಲ್ಲಿ ಯಾರ ಮಿದುಳನ್ನೂ ಯಾರೂ ಆಳಲಿಲ್ಲ. ಒಂದು ಉರಿ ಸಾಕಾಯ್ತು.

ಹಾಗಂತ ಕೊಲ್ಲಲೇಬಾರದು ಅಂತಲ್ಲ. ಮಿಡತೆಯ ಹೊಟ್ಟೆಯಲ್ಲಿ ಬೆಳೆಯುವ ಕುದುರೆಕೂದಲು ಹುಳ ಅದನ್ನು ನೀರಿಗೆ ಹಾರಿಸುತ್ತದೆ. ಹುಳ ಈಜಿಕೊಂಡು ಹೋಗುತ್ತದೆ, ಮಿಡತೆ ಎಷ್ಟೋ ಸಲ ಮುಳುಗಿ ಸಾಯುತ್ತದೆ. ಆದರೆ ಅದು ಕೆಲಸ ಮುಗಿದ ಮೇಲಿನ ಸಾವು.

ನಿಮ್ಮ ಕಿವಿಹುರಿಗೆ ಬರೋಣ. ಮರಿಗಳು ಗಂಟಲಿಗೆ ಬಂದು ಕೂರುತ್ತವೆ ಅಂದುಕೊಳ್ಳಿ. ಸುಮ್ನೆ ಒಂದು ತುರಿಕೆ, ಕೆಮ್ಮಿದರೂ ಹೋಗದು, ಬಿಸಿನೀರು ಕುಡಿದರೂ ಹೋಗದು, ಇನ್ನೊಬ್ಬರ ಕಿವಿಗೆ ಬಾಯಿಟ್ಟು ಪಿಸುಗುಟ್ಟಿದರೆ ಮಾತ್ರ ಹಾಯೆನಿಸುತ್ತದೆ. ಅವನಿಗೆ ತಾನು ಯಾರದೋ ಆಳು ಅಂತ ಅನಿಸೋದೇ ಇಲ್ಲ, ಗುಟ್ಟು ಹೇಳೋ ಆಸೆ ಜಾಸ್ತಿಯಾಗಿದೆ ಅಷ್ಟೇ. ಆ ರಾಜ್ಯದಲ್ಲಿ ಚಾಡಿಕೋರರು ಮೊದಲು ಹೋಗುತ್ತಾರೆ (ನನಗೇನೂ ಬೇಜಾರಿಲ್ಲ). ಆಮೇಲೆ ಪ್ರೇಮಿಗಳು. ಆಮೇಲೆ ಒಬ್ಬಳು ತಾಯಿ, ಮಗುವನ್ನು ಹೆಗಲಿಗೆ ಹಾಕಿಕೊಂಡು ಕಿವಿಯ ಹತ್ತಿರ ಮೆಲ್ಲಗೆ ಜೋಗುಳ ಹಾಡುತ್ತಾಳೆ. ಇದನ್ನು ಗೆಳೆಯರಿಗೆ ಓದಿಸಿ, ಭಯ ಆಗಲ್ಲ ಅಂತಾರಾ ನೋಡೋಣ.

ಆ ಮೂರನೇ ದಿನದ ಸಾವನ್ನು ಹೊಡೆದುಹಾಕಿ. ಒಂದು ವರ್ಷ ಬದುಕಲಿ ಬಿಡಿ, ಊಟ ತಿಂಡಿ ಮಾಡಿಕೊಂಡು, ಎಲ್ಲರ ಜೊತೆ ಆರಾಮಾಗಿ.