ಎಸ್‌ಡಿ ಕಾರ್ಡ್ ತುಂಬೋಗಿದೆ, ಹಳೆ ಪ್ಲೇಸ್ಟೇಷನ್ ಗೇಮ್‌ಗಳ ಸೈಜ್ ಕಮ್ಮಿ ಮಾಡೋದು ಹೇಗೆ?

128 ಜಿಬಿ ಕಾರ್ಡ್ ಫುಲ್ ಆಗಿದೆ, ಪಿಎಸ್‌1 ಪಿಎಸ್‌2 ಗೇಮ್‌ಗಳನ್ನ ಜಿಪ್ ಮಾಡಿದ್ರೆ ಎಮ್ಯುಲೇಟರ್ (ಹಳೆ ಗೇಮ್‌ಗಳನ್ನ ಬೇರೆ ಸಾಧನದಲ್ಲಿ ಓಡ್ಸೋ ಸಾಫ್ಟ್‌ವೇರ್) ಓಪನ್ ಮಾಡ್ತಿಲ್ಲ ಅಂದ್ರಲ್ಲ, ಡಿಸ್ಕ್ ಗೇಮ್‌ಗೆ ಜಿಪ್ ಸಹವಾಸನೇ ಬೇಡ, ಸಿಎಚ್‌ಡಿ ಅನ್ನೋ ಕಂಪ್ರೆಸ್ ಆದ ಡಿಸ್ಕ್ ಫೈಲ್ ಮಾಡ್ಕೊಳ್ಳಿ. ಗೇಮ್ ಓಡ್ತಿರುವಾಗ ಡಿಸ್ಕಿನ ಯಾವ್ದೋ ಮೂಲೆಯಲ್ಲಿರೋ ಡೇಟಾ ತಟ್ಟಂತ ಬೇಕಾಗತ್ತೆ, ಜಿಪ್ ಆದ್ರೆ ಅದಕ್ಕೋಸ್ಕರ ಮೊದ್ಲಿಂದ ಬಿಚ್ಕೊಂಡು ಬರ್ಬೇಕು, ಸಿಎಚ್‌ಡಿಲಿ ಇಡೀ ಡಿಸ್ಕನ್ನ ಸಣ್ಣ ಸಣ್ಣ ತುಂಡು ಮಾಡಿ ಒಂದೊಂದನ್ನೂ ಬೇರೆಬೇರೆ ಕಂಪ್ರೆಸ್ ಮಾಡಿರತ್ತೆ, ಬೇಕಾದ ತುಂಡು ಮಾತ್ರ ಬಿಚ್ಚಿದ್ರೆ ಸಾಕು. ಒಂದು ಬೈಟೂ ಕಳೆದುಹೋಗಲ್ಲ, ಹಾಡಿನ ಟ್ರ್ಯಾಕ್‌ಗಳೂ ಫ್ಲ್ಯಾಕ್ ಅನ್ನೋ, ಏನೂ ಕಳೀದೆ ಸೈಜ್ ಇಳಿಸೋ ವಿಧಾನದಲ್ಲಿ ಹೋಗೋದ್ರಿಂದ ಸೌಂಡ್ ಕೆಡಲ್ಲ. ಜಾಗ ಉಳಿಸೋಕೆ ವಿಡಿಯೋ, ಹಾಡು ಕಿತ್ತಾಕಿರೋ ರಿಪ್ ಕಾಪಿಗಳು ಸಿಗ್ತವೆ, ದಯವಿಟ್ಟು ಅವನ್ನ ಮುಟ್ಬೇಡಿ, ಅಷ್ಟು ಕಷ್ಟಪಟ್ಟು ಮಾಡಿದ ಗೇಮ್‌ನ ಅರ್ಧಂಬರ್ಧ ಆಡೋದು ಬೇಜಾರಿನ ವಿಷ್ಯ.

ಇದಕ್ಕೆ ಬೇಕಾಗಿರೋದು ಸಿಎಚ್‌ಡಿಮ್ಯಾನ್ ಅನ್ನೋ ಟೂಲ್, ಆರ್ಕೇಡ್ ಎಮ್ಯುಲೇಟರ್ ಮೇಮ್ ಜೊತೆನೇ ಫ್ರೀಯಾಗಿ ಬರತ್ತೆ. ಪಿಎಸ್‌1ಗೆ ಕ್ರಿಯೇಟ್‌ಸಿಡಿ ಕಮಾಂಡ್, ಇನ್‌ಪುಟ್ ಆಗಿ ಕ್ಯೂ ಫೈಲ್ ಕೊಡಿ, ಗೇಮ್ ಡೇಟಾ ಇರೋ ಬಿನ್ ಫೈಲ್ ಅಲ್ಲ, ಯಾಕಂದ್ರೆ ಯಾವ ಟ್ರ್ಯಾಕ್ ಎಲ್ಲಿ ಶುರು ಅನ್ನೋದು ಕ್ಯೂನಲ್ಲೇ ಬರೆದಿರತ್ತೆ. ಪಿಎಸ್‌2 ಡಿವಿಡಿಯ ಐಎಸ್‌ಓ ಫೈಲ್‌ಗೆ (ಡಿಸ್ಕಿನ ಪೂರ್ತಿ ಕಾಪಿ) ಕ್ರಿಯೇಟ್‌ಡಿವಿಡಿ. ಪಿಎಸ್‌1 ಎಮ್ಯುಲೇಟರ್ ಡಕ್‌ಸ್ಟೇಷನ್, ಪಿಎಸ್‌2 ಎಮ್ಯುಲೇಟರ್ ಪಿಸಿಎಸ್‌ಎಕ್ಸ್‌2 ಎರಡೂ ಸಿಎಚ್‌ಡಿನ ನೇರವಾಗಿ ಓದ್ತವೆ.

ಎಷ್ಟು ಉಳಿಯತ್ತೆ ಅನ್ನೋದು ಗೇಮ್ ಮೇಲೆ ಹೋಗತ್ತೆ. ಡಿಸ್ಕ್ ತುಂಬ್ಸೋಕೆ ಅಂತ ಬರೀ ಸೊನ್ನೆ ಸುರಿದಿದ್ರೆ ಸಿಕ್ಕಾಪಟ್ಟೆ ಇಳಿಯತ್ತೆ, ಉದ್ದುದ್ದ ವಿಡಿಯೋ ಇರೋ ಗೇಮ್ ಅಷ್ಟು ಇಳಿಯಲ್ಲ, ವಿಡಿಯೋ ಮೊದ್ಲೇ ಕಂಪ್ರೆಸ್ ಆಗಿರತ್ತಲ್ವಾ. ಮುಂದೆ ನಿಂಟೆಂಡೊದ ಗೇಮ್‌ಕ್ಯೂಬ್ ಗೇಮ್‌ಗಳನ್ನ ಹಾಕೋದಾದ್ರೆ ಅದಕ್ಕೆ ಸಿಎಚ್‌ಡಿ ಬೇಡ, ಆ ಡಿಸ್ಕ್‌ಗಳಲ್ಲಿ ಖಾಲಿ ಜಾಗದಲ್ಲಿ ಸೊನ್ನೆ ಬದ್ಲು ಕಸದ ಡೇಟಾ ತುಂಬಿರ್ತಾರೆ, ಮಾಮೂಲಿ ಕಂಪ್ರೆಷನ್‌ಗೆ ಅದು ಬಗ್ಗಲ್ಲ. ಗೇಮ್‌ಕ್ಯೂಬ್ ಎಮ್ಯುಲೇಟರ್ ಡಾಲ್ಫಿನ್‌ನವರ ಆರ್‌ವಿಝಡ್ ಫಾರ್ಮ್ಯಾಟ್ ಆ ಕಸ ಹುಟ್ಟೋ ಲೆಕ್ಕಾನೇ ಇಟ್ಕೊಂಡು ಬೇಕಾದಾಗ ಹಾಗೇ ವಾಪಸ್ ತಯಾರು ಮಾಡತ್ತೆ, ನಂಗಂತೂ ಇದು ಇಡೀ ವಿಷ್ಯದಲ್ಲೇ ಅತೀ ಚೆಂದದ ಕೆಲಸ.

ಸೂಪರ್ ನಿಂಟೆಂಡೊ ಥರದ ಕಾರ್ಟ್ರಿಜ್ ಗೇಮ್‌ಗಳನ್ನ ಹಾಗೇ ಬಿಡಿ, ನಿಂಟೆಂಡೊ 64ರ ದೊಡ್ಡ ಗೇಮೇ 64 ಎಂಬಿ, ಅಲ್ಲಿ ಉಳಿಸಿ ಏನ್ ಸಿಗತ್ತೆ.

ಸಿಎಚ್‌ಡಿ ಆದ್ಮೇಲೆ ವೆರಿಫೈ ಕಮಾಂಡ್ ಹಾಕಿ, ಗೇಮ್ ಒಂದ್ಸಲ ಓಡ್ಸಿ ನೋಡಿ, ಆಮೇಲೇ ಹಳೆ ಫೈಲ್ ಡಿಲೀಟ್ ಮಾಡಿ. ಎರಡು ಮೂರು ಡಿಸ್ಕಿನ ಗೇಮ್ ಇದ್ದು ಎಂ3ಯು ಫೈಲ್ (ಡಿಸ್ಕ್‌ಗಳ ಪಟ್ಟಿ) ಮಾಡಿಟ್ಟಿದ್ರೆ ಅದ್ರೊಳಗಿನ ಹೆಸರುಗಳನ್ನೂ ಸಿಎಚ್‌ಡಿಗೆ ಬದಲಾಯಿಸಿ, ಇಲ್ದಿದ್ರೆ ಡಿಸ್ಕ್ ಸಿಗ್ತಿಲ್ಲ ಅನ್ನತ್ತೆ.