ಕೆಲಸ ಬಿಡುವ ಮೊದಲು ರಾನಿ ಕೋಲ್‌ಮನ್‌ರನ್ನು ನೋಡಿ

ಬಾಡಿಬಿಲ್ಡಿಂಗ್‌ಗಾಗಿ ಕೆಲಸ ಬಿಡಲಾ ಅಂತ ಕೇಳಿದ್ದೀರಿ. ಈಗಲೇ ಬೇಡ ಸರ್. ಅಮೆರಿಕದ ಬಾಡಿಬಿಲ್ಡರ್ ರಾನಿ ಕೋಲ್‌ಮನ್ ಅವರನ್ನೇ ನೋಡಿ. ಅಕೌಂಟಿಂಗ್ ಡಿಗ್ರಿ ಇದ್ದರೂ ಮೊದಲು ಪಿಜ್ಜಾ ಅಂಗಡಿಯಲ್ಲಿ ದುಡಿದರು. ಆಮೇಲೆ ಟೆಕ್ಸಾಸ್‌ನ ಆರ್ಲಿಂಗ್ಟನ್‌ನಲ್ಲಿ ಪೊಲೀಸ್ ಆದರು. ಅಲ್ಲಿನ ಜಿಮ್ ಮಾಲೀಕರೊಬ್ಬರು ಫ್ರೀ ಮೆಂಬರ್‌ಶಿಪ್ ಕೊಟ್ಟು ಸ್ಪರ್ಧೆಗೆ ಇಳಿಸಿದರು. 1998ರಲ್ಲಿ ಮೊದಲ ಸಲ ಬಾಡಿಬಿಲ್ಡಿಂಗ್‌ನ ಅತಿ ದೊಡ್ಡ ಸ್ಪರ್ಧೆಯಾದ ಮಿಸ್ಟರ್ ಒಲಿಂಪಿಯಾ ಗೆದ್ದಾಗಲೂ ಪೊಲೀಸ್ ಕೆಲಸದಲ್ಲೇ ಇದ್ದರು! ಅಲ್ಲಿಂದ 2005ರವರೆಗೆ ಸತತ 8 ಸಲ ಅವರದ್ದೇ ಗೆಲುವು.

ಅವರು 800 ಪೌಂಡ್, ಅಂದರೆ ಸುಮಾರು 363 ಕೆಜಿ ಹೆಗಲ ಮೇಲಿಟ್ಟು ಎರಡು ಸಲ ಕೂತು ಎದ್ದ ವಿಡಿಯೋ ನೀವೂ ನೋಡಿರುತ್ತೀರಿ, ಅಲ್ವಾ? ಬಾರ್ ಬಿಲ್ಲಿನ ಹಾಗೆ ಬಗ್ಗಿರುತ್ತದೆ. ಅದನ್ನು ನೋಡಿ ಸುಮ್ನೆ ಹುರುಪಿಗೆ ಬೀಳಬೇಡಿ. ಬೆನ್ನು, ಸೊಂಟಕ್ಕೆ ಸಾಲುಸಾಲು ಆಪರೇಷನ್ ಆಗಿ, ಊರುಗೋಲಿಲ್ಲದೆ ನಡೆಯುವುದೇ ಅವರಿಗೆ ಕಷ್ಟವಾಯಿತು.

ಮೊದಲು ನಿಮ್ಮ ಆಫೀಸಿನಲ್ಲಿ ಜಿಮ್‌ಗೆ ಸಮಯ ಸಿಗುವ ಹಾಗೆ ಶಿಫ್ಟ್ ಬದಲಾಯಿಸಿ ಕೊಡುತ್ತಾರಾ, ಕೇಳಿ ನೋಡಿ.