ಬ್ರಿಟನ್‌ನಲ್ಲಿ ಸಂಸತ್ತಿನ ದೃಶ್ಯಕ್ಕೆ ಕತ್ತರಿ ಯಾಕೆ?

ಹಾಸ್ಯಗಾರ ಜಾನ್ ಆಲಿವರ್ ಅವರ ಅಮೆರಿಕದ ವಿಡಂಬನಾ ಟೀವಿ ಕಾರ್ಯಕ್ರಮ 'ಲಾಸ್ಟ್ ವೀಕ್ ಟುನೈಟ್'ನಲ್ಲಿ ಬ್ರಿಟಿಷ್ ಸಂಸತ್ತಿನ ದೃಶ್ಯವಿದ್ದ ಒಂದು ಭಾಗ ಬ್ರಿಟನ್‌ನಲ್ಲಿ ಮಾತ್ರ ಬೇರೆಯಾಗಿ ಬಂದಿದ್ದು ಯಾಕೆ ಅಂತ ಕೇಳಿದ್ದೀರಿ. ಅದು ಸೆನ್ಸಾರ್ ಅಲ್ಲ, ದೃಶ್ಯ ಬಳಸೋಕೆ ಕೊಡುವ ಲೈಸೆನ್ಸ್‌ನ ಷರತ್ತು. ಸಂಸತ್ತಿನ ಕೆಳಮನೆಯಾದ ಹೌಸ್ ಆಫ್ ಕಾಮನ್ಸ್‌ನ ಕಲಾಪ 1989ರ ನವೆಂಬರ್‌ನಿಂದ ಟೀವಿಯಲ್ಲಿ ಬರ್ತಿದೆ. ಆದರೆ ಆ ದೃಶ್ಯವನ್ನು ಹಗುರ ಮನರಂಜನೆಗೋ ರಾಜಕೀಯ ವಿಡಂಬನೆಗೋ ಬಳಸುವಂತಿಲ್ಲ. ಹತ್ತು ಸೆಕೆಂಡಿನ ಅದೇ ತುಣುಕು ವಾರ್ತೆಯಲ್ಲಿ ಆರಾಮಾಗಿ ಓಡುತ್ತೆ, ಪಕ್ಕದಲ್ಲೊಂದು ಜೋಕ್ ಬಿದ್ದರೆ ತಪ್ಪು! ಇದೇ ಕಾರಣಕ್ಕೆ 2011ರಲ್ಲಿ ಅಮೆರಿಕದ ಇನ್ನೊಂದು ವಿಡಂಬನಾ ಕಾರ್ಯಕ್ರಮ 'ಡೈಲಿ ಷೋ'ನ ಒಂದು ಕಂತೇ ಅಲ್ಲಿ ಪ್ರಸಾರವಾಗಲಿಲ್ಲ. ಆಲಿವರ್ ಅಂತೂ, ಬ್ರಿಟಿಷ್ ವೀಕ್ಷಕರಿಗೆ ಸಂಸತ್ತಿನ ಬದಲು ಅಮೆರಿಕದ ಹಾಸ್ಯನಟ ಗಿಲ್ಬರ್ಟ್ ಗಾಟ್‌ಫ್ರೀಡ್ ಕರ್ಕಶ ಗಂಟಲಲ್ಲಿ ಹೋಟೆಲ್ ವಿಮರ್ಶೆ ಓದೋದನ್ನು ತೋರಿಸಿದರು. ಮೂಲಕ್ಕಿಂತ ಅದೇ ಮಜಾ, ಬಿಡಿ. ಸದನದಲ್ಲಿ ಆಡಿದ ಮಾತನ್ನು ಓದಿ ಹೇಳೋಕೆ ಅಡ್ಡಿಯಿಲ್ಲ. ರಾಜಕಾರಣಿಯ ಮುಖವೇ ಬೇಕಿದ್ದರೆ ಪಕ್ಷದ ಸಮಾವೇಶ, ಪತ್ರಿಕಾಗೋಷ್ಠಿಯ ದೃಶ್ಯ ಹುಡುಕಬೇಕು, ಇಲ್ಲವೇ ಮಿಮಿಕ್ರಿ ಕಲಾವಿದರನ್ನು ಕರೆಸಬೇಕು.